ತಲೆಬುಡ ಇಲ್ಲದ ಕುಂಗ್‌ಫೂ ಕಾಮಿಡಿಗಳು ಇನ್ನೂ ಯಾಕೆ ಹಳತಾಗಿಲ್ಲ? ಬನ್ನಿ, ಮಾತಾಡೋಣ

ಡೊಂಬಿವಲಿ ಕನ್ನಡಿಗ

ನಮ್ಮ ಬಳಗದಲ್ಲಿ ಸಿನಿಮಾ ಮಾತು ಬಂದರೆ ರಾಜ್‌ಕುಮಾರ್, ಶಂಕರ್‌ನಾಗ್, ಆಮೇಲೆ ಒಂದೆರಡು ಮರಾಠಿ ಸಿನಿಮಾ, ಅಲ್ಲಿಗೆ ಮುಗಿಯುತ್ತದೆ. ಇವತ್ತು ಬೇರೆ ವಿಷಯ ಎತ್ತುತ್ತೇನೆ.

ಹಸುವಿನ ಜೊತೆ ಕುಂಗ್‌ಫೂ ಆಡುವ ಹೀರೊ. ಬಾಯಿ ತೆರೆದು ಕೂಗಿದರೆ ಎದುರಿಗಿದ್ದವರ ಬಟ್ಟೆಯೇ ಹರಿದುಹೋಗುವಂಥ ಓನರಮ್ಮ. ಒದ್ದರೆ ಬೆಂಕಿ ಹತ್ತಿಕೊಳ್ಳುವ ಫುಟ್‌ಬಾಲ್. ಕೇಳಿದರೆ ಹುಚ್ಚು ಅನ್ನಿಸುತ್ತದೆ. ಆದರೆ ಇಪ್ಪತ್ತು ವರ್ಷ ದಾಟಿದರೂ ಜನ ಇವನ್ನು ಹುಡುಕಿಕೊಂಡು ನೋಡುತ್ತಾರೆ. ಅದೇ ಕಾಲದಲ್ಲಿ ಹಲ್ಲು ಕಚ್ಚಿ ಹೊಡೆದಾಡಿದ ಎಷ್ಟೋ ಗಂಭೀರ ಸಿನಿಮಾಗಳ ಹೆಸರೂ ಯಾರಿಗೂ ನೆನಪಿಲ್ಲ. ಯಾಕೆ ಹೀಗೆ?

ನನಗೆ ಅನ್ನಿಸುವುದು ಇಷ್ಟೇ. ಈ ಸಿನಿಮಾಗಳಲ್ಲಿ ಕಥೆ ಸುಳ್ಳು, ಏಟು ನಿಜ. ಹಾಂಗ್‌ಕಾಂಗಿನ ನಟ, ನಿರ್ದೇಶಕ ಸ್ಟೀಫನ್ ಚೌ ಮಾಡಿದ ‘ಕುಂಗ್‌ಫೂ ಹಸಲ್’ (2004) ನೋಡಿ. ಅದರಲ್ಲಿ ಒಬ್ಬ ದರ್ಜಿ ಬರುತ್ತಾನೆ. ನಾಜೂಕಿನ ನಡಿಗೆ, ಹೆಣ್ಣು ದನಿ. ಎಲ್ಲರೂ ಅವನನ್ನು ನೋಡಿ ನಗುತ್ತಾರೆ. ಕೊಡಲಿ ಗ್ಯಾಂಗಿನವರು ಬಂದಾಗ ಅವನು ಪರದೆಗೆ ಹಾಕಿದ್ದ ಕಬ್ಬಿಣದ ಬಳೆಗಳನ್ನು ಎರಡೂ ಕೈಗೆ ಸರಸರ ಏರಿಸಿಕೊಂಡು ನಿಲ್ಲುತ್ತಾನೆ. ಆ ನಿಲುವು ನೋಡಿದ ಕೂಡಲೇ ಗೊತ್ತಾಗುತ್ತದೆ, ಇವನಿಗೆ ನಿಜವಾಗಿಯೂ ವಿದ್ಯೆ ಬರುತ್ತದೆ ಅಂತ. ಹೌದು, ಆ ಪಾತ್ರ ಮಾಡಿದ ಚಿಯು ಚಿ-ಲಿಂಗ್ ಹುಂಗ್ ಗಾರ್ ಅನ್ನುವ ಕುಂಗ್‌ಫೂ ಪದ್ಧತಿಯ ಗುರು. ಕೂಲಿಯ ಪಾತ್ರ ಮಾಡಿದ ಶಿಂಗ್ ಯು ಮೊದಲು ಶಾವೊಲಿನ್ ಮಠದಲ್ಲಿ ಸನ್ಯಾಸಿಯಾಗಿದ್ದವರು. ಓನರಮ್ಮನ ಗಂಡನಾಗಿ ಬರುವ ಯುನ್ ವಾ, ‘ಎಂಟರ್ ದಿ ಡ್ರ್ಯಾಗನ್’ (1973) ಸಿನಿಮಾದಲ್ಲಿ ಬ್ರೂಸ್ ಲೀಗೆ ಡೂಪ್ ಆಗಿದ್ದವರು. ಲೀ ಪಲ್ಟಿ ಹೊಡೆದಂತೆ ಕಂಡಲ್ಲೆಲ್ಲ ಪಲ್ಟಿ ಹೊಡೆದವರು ಇವರು.

ಅಂದರೆ ನಗಿಸುವ ಜಾಗಕ್ಕೆ ಚೌ ಕರೆದುಕೊಂಡು ಬಂದದ್ದು ಆ ವಿದ್ಯೆಯಲ್ಲೇ ಜೀವ ಸವೆಸಿದವರನ್ನು. ಅದಕ್ಕೇ ಆ ನಗು ಹಳಸುವುದಿಲ್ಲ. ನಿಮಗೇನು ಅನ್ನಿಸುತ್ತದೆ?

ಕಾಂದಿವಲಿ ಕುಂದಾಪ್ರ

ಅಣ್ಣ, ನೀವು ಏಟಿನ ಬಗ್ಗೆ ಹೇಳಿದಿರಿ. ನನಗೆ ಆ ಸಿನಿಮಾ ಹಿಡಿಸಿದ್ದು ನೀರಿನ ಸೀನಿಗೆ.

ಮುಂಬೈ ಚಾಳಿನಲ್ಲಿ ಬೆಳೆದವರು ಯಾರೇ ಇರಲಿ, ಆ ಓಣಿ ನೋಡಿದ ಕೂಡಲೇ ಗುರುತು ಹಿಡಿಯುತ್ತಾರೆ. ನಡುವೆ ಅಂಗಳ, ಸುತ್ತ ಮಹಡಿ, ಉದ್ದಕ್ಕೂ ಕಟಾಂಜನ, ಎಲ್ಲರಿಗೂ ಸೇರಿ ಒಂದೇ ನಲ್ಲಿ. ಒಬ್ಬ ಮೈಗೆಲ್ಲ ಸೋಪು ಹಚ್ಚಿಕೊಂಡಿದ್ದಾನೆ, ನೀರು ನಿಂತುಹೋಗುತ್ತದೆ. ನಿಲ್ಲಿಸಿದ್ದು ಓನರಮ್ಮ. ತಲೆ ತುಂಬ ಕರ್ಲರ್, ತುಟಿಯ ತುದಿಯಲ್ಲಿ ಸಿಗರೇಟು, ನೈಟಿ, ಕಾಲಿಗೆ ಚಪ್ಪಲಿ. ನಮ್ಮ ಘಾಟ್‌ಕೋಪರ್ ಚಾಳಿನಲ್ಲಿ ಬೆಳಗಿನ ನೀರು ಬರುವಾಗ ಹೊರಡುತ್ತಿದ್ದ ಗದ್ದಲ ಹೀಗೇ ಇತ್ತು ಮಾರಾಯ್ರೇ. ಸಿಗರೇಟು ಒಂದು ಇರಲಿಲ್ಲ.

ಆಮೇಲೆ ಗೊತ್ತಾಗುತ್ತದೆ, ಆ ಓಣಿಯಲ್ಲಿ ಬಾಡಿಗೆಗಿರುವ ಬಡಪಾಯಿಗಳಲ್ಲೇ ದೊಡ್ಡ ದೊಡ್ಡ ವೀರರು ಅಡಗಿದ್ದಾರೆ ಅಂತ. ಕೂಲಿ, ದರ್ಜಿ, ತಿಂಡಿ ಮಾಡುವವನು. ಊರು ಬಿಟ್ಟು ಮುಂಬೈಗೆ ಬಂದು ಹೋಟೆಲಿನಲ್ಲಿ ಟೇಬಲ್ ಒರೆಸಿ, ರಾತ್ರಿ ಶಾಲೆಯಲ್ಲಿ ಓದಿದವರ ಮನೆಯಿಂದ ಬಂದವಳು ನಾನು. ನನ್ನ ಅಪ್ಪನಿಗೆ ಈ ಸಿನಿಮಾ ಯಾಕೆ ಅಷ್ಟು ಇಷ್ಟ ಅಂತ ಯಾರೂ ಬಿಡಿಸಿ ಹೇಳಬೇಕಾಗಿಲ್ಲ. ಅವರಿಗೆ ಕುಂಗ್‌ಫೂ ಗೊತ್ತಿಲ್ಲ. ಆದರೆ ಮೇಲೆ ಸಾದಾ ಬನಿಯನ್ನು, ಒಳಗೆ ಯಾರಿಗೂ ಕಾಣದ ಒಂದು ಶಕ್ತಿ, ಇದು ಅವರಿಗೆ ಚೆನ್ನಾಗಿ ಗೊತ್ತು.

ಥಾಣೆ ಟೀಚರ್

ಇಬ್ಬರೂ ಚೆನ್ನಾಗಿ ಬರೆದಿದ್ದೀರಿ. ಆದರೆ ನೀವು ಆರಿಸಿಕೊಂಡದ್ದು ಹಾಂಗ್‌ಕಾಂಗಿನವರೇ ತಮ್ಮ ಬಗ್ಗೆ ಮಾಡಿಕೊಂಡ ಸಿನಿಮಾ. ಹಸುವಿನ ಸಿನಿಮಾ ಅಂದಿರಲ್ಲ, ‘ಕುಂಗ್ ಪೌ’ (2002), ಅದು ಬೇರೆ ವಿಷಯ. ಅದರ ಬಗ್ಗೆ ನನಗೆ ತಕರಾರಿದೆ.

ಅಮೆರಿಕದ ಸ್ಟೀವ್ ಒಡೆಕರ್ಕ್ 1976ರ ಒಂದು ಹಾಂಗ್‌ಕಾಂಗ್ ಸಿನಿಮಾ ತೆಗೆದುಕೊಂಡರು. ಅದರ ಹೀರೊ ಜಿಮ್ಮಿ ವಾಂಗ್ ಯು. ಬ್ರೂಸ್ ಲೀಗಿಂತ ಮೊದಲೇ ಅಲ್ಲಿ ದೊಡ್ಡ ಸ್ಟಾರ್ ಆಗಿದ್ದವರು. ಕಂಪ್ಯೂಟರಿನಿಂದ ಅವರನ್ನು ಅಳಿಸಿ, ಆ ಜಾಗದಲ್ಲಿ ಒಡೆಕರ್ಕ್ ತಾವೇ ಸೇರಿಕೊಂಡರು. ಮಿಕ್ಕ ಪಾತ್ರಗಳಿಗೆ ಹೆಚ್ಚುಕಡಿಮೆ ಎಲ್ಲದಕ್ಕೂ ತಾವೇ ವಿಚಿತ್ರ ದನಿ ಕೊಟ್ಟರು. ಜನ ನಕ್ಕರು. ಯಾರನ್ನು ನೋಡಿ ನಕ್ಕರು?

ನಾವು ಮುಂಬೈನಲ್ಲಿ ಬಾಳಿದವರು. ಹಿಂದಿ ಸಿನಿಮಾದಲ್ಲಿ ತೆಂಕಣದವನು ಬಂದರೆ ಹಣೆಗೆ ವಿಭೂತಿ, ಬಾಯಲ್ಲಿ ‘ಅಯ್ಯಯ್ಯೋ’. 1968ರ ‘ಪಡೋಸನ್’ನ ಮ್ಯೂಸಿಕ್ ಮಾಸ್ಟರ್ ನೆನಪಿದ್ದಾನಲ್ಲ? ಶಾಲೆಯಲ್ಲಿ ನನ್ನ ಹಿಂದಿ ಕೇಳಿ ಹುಡುಗರು ಅವನಂತೆಯೇ ಮಾತಾಡಿ ತೋರಿಸುತ್ತಿದ್ದರು. ಅವರಿಗೆ ತಮಾಷೆ. ನಾನು ಮಾತ್ರ ಬಾಯಿ ಬಿಡುವುದನ್ನೇ ಕಡಿಮೆ ಮಾಡಿದೆ. ಹಾಗಾಗಿ ಬೇರೆಯವರ ಮುಖಕ್ಕೆ ತನ್ನ ದನಿ ಅಂಟಿಸಿ ನಗಿಸುವುದನ್ನು ನೋಡಿದರೆ ನನಗೆ ಸುಮ್ನೆ ನಗಲು ಆಗುವುದಿಲ್ಲ.

ಪುಣೆ ಹುಬ್ಬಳ್ಳಿ

ಟೀಚರ್, ನೀವು ಹೇಳಿದ್ದು ತೂಕದ ಮಾತು. ಅದನ್ನು ಬದಿಗೆ ತಳ್ಳುವುದಿಲ್ಲ. ಆದರೆ ಆ ದನಿಯ ಹಿಂದೆ ಒಂದು ಹಿನ್ನೆಲೆ ಇದೆ.

ಆ ಕಾಲದ ಹಾಂಗ್‌ಕಾಂಗ್ ಸಿನಿಮಾಗಳನ್ನು ಸಾಮಾನ್ಯವಾಗಿ ದನಿ ಇಲ್ಲದೆಯೇ ಶೂಟ್ ಮಾಡುತ್ತಿದ್ದರು. ಮಾತು, ಹೆಜ್ಜೆ ಸದ್ದು, ಏಟಿನ ಸದ್ದು, ಎಲ್ಲ ಆಮೇಲೆ ಸ್ಟುಡಿಯೋದಲ್ಲಿ ಸೇರಿಸಿದ್ದು. ಕೈ ಬೀಸಿದರೂ ‘ಸುಂಯ್’ ಅನ್ನುವುದು, ತೋಳು ಮಡಚಿದರೂ ಬಟ್ಟೆ ‘ಫಟ್’ ಅನ್ನುವುದು ಅದಕ್ಕೇ. ಹೊರದೇಶಕ್ಕೆ ಕಳಿಸುವ ಇಂಗ್ಲಿಷ್ ಪ್ರತಿಗೂ ಹಾಂಗ್‌ಕಾಂಗಿನಲ್ಲೇ ನಾಲ್ಕಾರು ಜನ ಕೂತು ಎಲ್ಲ ಪಾತ್ರಕ್ಕೂ ದನಿ ಕೊಡುತ್ತಿದ್ದರು. ತುಟಿ ಮುಚ್ಚಿದ ಮೇಲೂ ಮಾತು ಓಡುತ್ತಿತ್ತು. ಅಮೆರಿಕದ ಹುಡುಗರು ಟಿವಿಯಲ್ಲಿ ನೋಡಿ ಬೆಳೆದದ್ದು ಈ ಪ್ರತಿಗಳನ್ನು. ಒಡೆಕರ್ಕ್ ಅಣಕಿಸಿದ್ದು ಮುಖ್ಯವಾಗಿ ಆ ಕೆಟ್ಟ ಡಬ್ಬಿಂಗನ್ನು. ನಡೆಯುವಾಗ ಬೂಟು ಕೀಚು ಕೀಚು ಅನ್ನುವುದು, ಅರ್ಥವಿಲ್ಲದ ಕಡೆ ಕ್ಯಾಮೆರಾ ಗಕ್ಕನೆ ಮುಖದ ಹತ್ತಿರ ನುಗ್ಗುವುದು, ಇವೆಲ್ಲ ಹಳೆಯ ಸಿನಿಮಾ ನೋಡಿದವನಿಗೆ ಮಾತ್ರ ಹೊಳೆಯುವ ತಮಾಷೆ.

ಇನ್ನೊಂದು. ವಾಂಗ್ ಯು ಕೂಡ ನಮ್ಮನ್ನು ಬಿಟ್ಟಿಲ್ಲ ನೋಡ್ರಿ. ಅವರೇ ನಿರ್ದೇಶನ ಮಾಡಿದ ‘ಮಾಸ್ಟರ್ ಆಫ್ ದಿ ಫ್ಲೈಯಿಂಗ್ ಗಿಲೊಟಿನ್’ನಲ್ಲಿ ಭಾರತದ ಒಬ್ಬ ಯೋಗಿ ಬರುತ್ತಾನೆ. ಹೊಡೆದಾಟದ ನಡುವೆ ಅವನ ಕೈ ರಬ್ಬರಿನಂತೆ ಉದ್ದ ಆಗುತ್ತದೆ. ಪಾತ್ರ ಮಾಡಿದವನು ಭಾರತದವನಲ್ಲ. ಅದನ್ನು ನೋಡಿ ನಾನು ಬಿದ್ದು ಬಿದ್ದು ನಕ್ಕೆ, ಬೇಜಾರಾಗಲಿಲ್ಲ. ಯಾಕಂದರೆ ಆ ಸಿನಿಮಾದಲ್ಲಿ ಎಲ್ಲರೂ ಹಾಗೇ ಇದ್ದಾರೆ. ಕುರುಡ ಮುದುಕ ಸರಪಳಿಗೆ ಕಟ್ಟಿದ ಬುಟ್ಟಿ ಎಸೆದು ತಲೆ ಕೀಳುತ್ತಾನೆ, ಹೀರೊಗೆ ಒಂದೇ ಕೈ.

ಡೊಂಬಿವಲಿ ಕನ್ನಡಿಗ

ಟೀಚರ್ ಹೇಳಿದ್ದನ್ನು ನಾನೂ ಒಪ್ಪುತ್ತೇನೆ, ಆದರೆ ಅರ್ಧ. ‘ಕುಂಗ್ ಪೌ’ ಬಂದಾಗ ವಿಮರ್ಶಕರು ಅದನ್ನು ಉಗಿದು ಉಪ್ಪು ಹಾಕಿದರು. ಥಿಯೇಟರಿನಲ್ಲೂ ದೊಡ್ಡ ದುಡ್ಡು ಮಾಡಲಿಲ್ಲ. ಆಮೇಲೆ ಡಿವಿಡಿ, ಕಂಪ್ಯೂಟರಿನಲ್ಲಿ ಅದು ಬೆಳೆಯಿತು. ಕಾರಣ ಆ ಹಸುವಿನ ಸೀನು. ಹಾಲಿವುಡ್ಡಿನ ‘ಮೇಟ್ರಿಕ್ಸ್’ ಸಿನಿಮಾದ ನಕಲಿನಂತೆ ಹಸು ಗಾಳಿಯಲ್ಲಿ ನಿಧಾನವಾಗಿ ತೇಲಿ ಒದೆಯುತ್ತದೆ. ಹೀರೊ ಕೊನೆಗೆ ಕೆಳಗೆ ಜಾರಿ, ಹಾಲು ಕರೆದು ಕರೆದು ಅದನ್ನು ಸೋಲಿಸುತ್ತಾನೆ! ಆ ಸೀನಿನಲ್ಲಿ ಯಾರ ಮಾತು, ಯಾರ ಮುಖವೂ ತಮಾಷೆಯ ವಸ್ತು ಅಲ್ಲ. ಸಿನಿಮಾದ ಒಳ್ಳೆಯ ಭಾಗ ಅದೇ. ಕೀರಲು ದನಿಯ ಜೋಕುಗಳು ಬೇಗ ಸಾಕಾಗುತ್ತವೆ.

‘ಕುಂಗ್‌ಫೂ ಹಸಲ್’ ಹಾಗೆ ಸಾಕಾಗುವುದಿಲ್ಲ. ಸಣ್ಣ ಹುಡುಗನೊಬ್ಬ ಭಿಕ್ಷುಕನ ಮಾತು ನಂಬಿ, ಕೂಡಿಟ್ಟ ದುಡ್ಡೆಲ್ಲ ಕೊಟ್ಟು ಬುದ್ಧನ ಅಂಗೈ ಅನ್ನುವ ಕುಂಗ್‌ಫೂ ವಿದ್ಯೆಯ ಪುಸ್ತಕ ಕೊಳ್ಳುತ್ತಾನೆ. ಅದನ್ನೇ ಕಲಿತು, ಮಾತು ಬಾರದ ಹುಡುಗಿಯ ಲಾಲಿಪಾಪ್ ಕಿತ್ತುಕೊಳ್ಳುವ ಪುಂಡರ ಎದುರು ನಿಲ್ಲುತ್ತಾನೆ. ಸಿಕ್ಕಾಪಟ್ಟೆ ಏಟು ತಿನ್ನುತ್ತಾನೆ. ಇಲ್ಲಿ ಚೌ ನಗಿಸುವುದಿಲ್ಲ. ಅಂಥ ಪುಸ್ತಕ ಕೊಂಡು ಕನಸು ಕಂಡ ಮಕ್ಕಳು ಹಾಂಗ್‌ಕಾಂಗಿನಲ್ಲಿ ನಿಜವಾಗಿಯೂ ಇದ್ದರು. 1960ರ ದಶಕದಲ್ಲಿ ಆ ಬುದ್ಧನ ಅಂಗೈ ಮೇಲೆ ಸಿನಿಮಾ ಸರಣಿಯೇ ಬಂದಿತ್ತು. ಚೌ ಆ ಕನಸನ್ನು ಅಣಕಿಸುವುದಿಲ್ಲ, ಕೊನೆಗೆ ಅದನ್ನು ನಿಜ ಮಾಡಿ ತೋರಿಸುತ್ತಾರೆ.

ಮಾಟುಂಗಾ ಮಾಮ

ತಡವಾಗಿ ಓದಿದೆ. ಮಕ್ಕಳೇ, ಇಷ್ಟೆಲ್ಲ ಮಾತಾಡಿದಿರಿ, ಆ ಶಾಲೆಯ ವಿಷಯ ಯಾರೂ ಎತ್ತಲಿಲ್ಲವಲ್ಲ.

ಹಾಂಗ್‌ಕಾಂಗಿನಲ್ಲಿ ಯು ಜಿಮ್-ಯುನ್ ಅಂತ ಒಬ್ಬ ಗುರು ಚೀನೀ ಒಪೆರಾ ಶಾಲೆ ನಡೆಸುತ್ತಿದ್ದರು. ಪೀಕಿಂಗ್ ಒಪೆರಾ ಪದ್ಧತಿ. ಸಣ್ಣ ಮಕ್ಕಳನ್ನು ವರ್ಷಗಟ್ಟಲೆ ಅಲ್ಲೇ ಬಿಟ್ಟುಹೋಗುತ್ತಿದ್ದರು. ಹಾಡು, ಕುಣಿತ, ಲಾಗ, ಕೋಲು, ಕತ್ತಿ, ಎಲ್ಲ ಒಟ್ಟಿಗೆ. ಶಿಕ್ಷೆ ಕಠಿಣ. ಜಾಕಿ ಚಾನ್, ಸ್ಯಾಮೊ ಹುಂಗ್, ಯುನ್ ಬಿಯಾವ್, ಆಮೇಲೆ ನೀವು ಹೇಳಿದ ಯುನ್ ವಾ, ಓನರಮ್ಮನ ಪಾತ್ರ ಮಾಡಿದ ಯುನ್ ಕಿಯು, ಎಲ್ಲರೂ ಅಲ್ಲಿಂದ ಬಂದವರು. ‘ಯುನ್’ ಅನ್ನುವುದು ಗುರುವಿನ ಹೆಸರಿನಿಂದ ಇಟ್ಟುಕೊಂಡದ್ದು.

ಒಪೆರಾ ನೋಡುವವರು ಕಡಿಮೆಯಾದರು. ಈ ಮಕ್ಕಳು ಹೊಟ್ಟೆಪಾಡಿಗೆ ಸಿನಿಮಾ ಸ್ಟಂಟಿಗೆ ಹೋದರು. ‘ಎಂಟರ್ ದಿ ಡ್ರ್ಯಾಗನ್’ ಶುರುವಿನಲ್ಲೇ ಬ್ರೂಸ್ ಲೀ ಕೈಯಲ್ಲಿ ಸೋಲುವವನು ಸ್ಯಾಮೊ ಹುಂಗ್. ನಡುವೆ ಲೀ ಕೂದಲು ಹಿಡಿದು ಕತ್ತು ಮುರಿಯುವ ಕಾವಲುಗಾರ ಜಾಕಿ ಚಾನ್. ಒಂದು ಕ್ಷಣ ಕಂಡು ಮಾಯ. ಮುಂದೆ ಜಗತ್ತನ್ನೇ ನಗಿಸಿದವರು ಮೊದಲು ಲೀ ಕೈಯಲ್ಲಿ ಏಟು ತಿಂದವರು.

ಲೀ 1973ರ ಜುಲೈ 20ಕ್ಕೆ ಹೋದರು, 32 ವಯಸ್ಸು. ಆಮೇಲೆ ಬ್ರೂಸ್ ಲೈ, ಬ್ರೂಸ್ ಲೆ, ಡ್ರ್ಯಾಗನ್ ಲೀ ಅಂತ ನಕಲಿಗಳ ಸಾಲು. ಪಾತಾಳದಲ್ಲಿ ಬ್ರೂಸ್ ಲೀ ಡ್ರಾಕುಲಾ, ಜೇಮ್ಸ್ ಬಾಂಡ್ ಜೊತೆ ಹೊಡೆದಾಡುವ ಸಿನಿಮಾವನ್ನೂ 1977ರಲ್ಲಿ ಮಾಡಿದರು. ಅದು ದುಡ್ಡಿನ ಆಸೆ. ಸ್ಯಾಮೊ ಹುಂಗ್ 1978ರಲ್ಲಿ ‘ಎಂಟರ್ ದಿ ಫ್ಯಾಟ್ ಡ್ರ್ಯಾಗನ್’ ಮಾಡಿದರು. ಅದರಲ್ಲಿ ಅವರು ಹಂದಿ ಸಾಕುವ ಹಳ್ಳಿ ಹುಡುಗ, ಲೀಯ ಭಕ್ತ. ಸಿನಿಮಾ ಸೆಟ್ಟಿನಲ್ಲಿ ಲೀಯನ್ನು ಕೆಟ್ಟದಾಗಿ ನಕಲು ಮಾಡುವ ನಟನನ್ನು ಕಂಡು ತಡೆಯಲಾಗದೆ ಅವನಿಗೆ ಬಾರಿಸುತ್ತಾನೆ. ಆ ದಪ್ಪ ಮೈಯಲ್ಲಿ ಲೀಯ ಹೆಜ್ಜೆ, ಮೂಗು ಒರೆಸುವ ಹೆಬ್ಬೆರಳು, ಎಲ್ಲ ಕರಾರುವಾಕ್ಕು. ನೋಡುವವನು ನಗುತ್ತಾನೆ, ಹಾಗೇ ಲೀಯ ನೆನಪೂ ಆಗುತ್ತದೆ. ಟೀಚರ್ ಕೇಳಿದ ಪ್ರಶ್ನೆಗೆ ನನ್ನ ಉತ್ತರ ಈ ಸಿನಿಮಾ.

ನಮ್ಮ ಯಕ್ಷಗಾನದ ಹಾಸ್ಯಗಾರನನ್ನೇ ನೋಡಿ. ಮಳೆಗಾಲದಲ್ಲಿ ಊರಿನ ಮೇಳಗಳು ಮುಂಬೈಗೆ ಬಂದಾಗ ನಾನು ಬಿಡದೆ ಹೋಗುತ್ತೇನೆ. ಒಳ್ಳೆಯ ಹಾಸ್ಯಗಾರನಿಗೆ ಪ್ರಸಂಗದ ಎಲ್ಲ ವೇಷವೂ ಗೊತ್ತಿರಬೇಕು. ರಾಜನ ನಡೆ ಗೊತ್ತಿಲ್ಲದವನು ರಾಜನನ್ನು ಅಣಕಿಸಲಾರ. ಯುದ್ಧದ ಕುಣಿತದಲ್ಲಿ ಕತ್ತಿ ಮೈಗೆ ತಾಗುವುದೇ ಇಲ್ಲ, ಏಟಿನ ಸದ್ದು ಕೊಡುವುದು ಚೆಂಡೆ. ಒಪೆರಾದಲ್ಲೂ ಹೊಡೆದಾಟ ನಡೆಯುವುದು ತಾಳಕ್ಕೆ. ಜಾಕಿ ಚಾನ್ ಫೈಟು ಕಣ್ಣು ಮುಚ್ಚಿ ಕೇಳಿ. ಎರಡು ಏಟು, ಒಂದು ತಡೆ, ಚಿಕ್ಕ ನಿಲುಗಡೆ, ಮತ್ತೆ ನಾಲ್ಕು ಏಟು. ತಾಳ ಕೂತಿದ್ದರೆ ಮಾತ್ರ ತಮಾಷೆ ಕೂರುತ್ತದೆ.

ವಾಸ್ಕೋ ಕಾರವಾರ

ಮಾಮ, ನಿಮ್ಮ ಪೋಸ್ಟ್ ಎರಡು ಸಲ ಓದಿದೆ. ಫೈಟನ್ನು ಕಿವಿಯಿಂದ ಕೇಳಬಹುದು ಅಂತ ಹೊಳೆದಿರಲಿಲ್ಲ.

ನಮ್ಮ ಗೋವಾ ಗುಂಪಿನಲ್ಲಿ ಹುಡುಗರಿಗೆ ಜಾಸ್ತಿ ಇಷ್ಟ ‘ಕುಂಗ್ ಫ್ಯೂರಿ’ (2015). ಸ್ವೀಡನ್ನಿನ ಡೇವಿಡ್ ಸ್ಯಾಂಡ್‌ಬರ್ಗ್ ಜನರಿಂದ 6 ಲಕ್ಷ ಡಾಲರಿಗಿಂತ ಹೆಚ್ಚು ಚಂದಾ ಎತ್ತಿ ಮಾಡಿದ 31 ನಿಮಿಷದ ಸಿನಿಮಾ. ಯೂಟ್ಯೂಬಿನಲ್ಲಿ ಪುಕ್ಕಟೆ. ಪೊಲೀಸ್ ಹೀರೊ, ಡೈನೋಸಾರ್ ತಲೆಯ ಪಾರ್ಟ್ನರ್, ಹಿಟ್ಲರನನ್ನು ಹೊಡೆಯಲು ಹಿಂದಿನ ಕಾಲಕ್ಕೆ ಹೋಗುವುದು. ಇದರಲ್ಲಿ ಯಾರೂ ಒಪೆರಾ ಶಾಲೆಗೆ ಹೋದವರಲ್ಲ. ಆದರೂ ಕಾನ್ ಚಿತ್ರೋತ್ಸವದಲ್ಲಿ ತೋರಿಸಿದರು. ಹಾಗಾದರೆ ‘ಏಟು ನಿಜ’ ಅನ್ನುವ ಲೆಕ್ಕ ಇಲ್ಲಿಗೆ ಹೇಗೆ ಹೊಂದುತ್ತದೆ?

ಪುಣೆ ಹುಬ್ಬಳ್ಳಿ

ಒಳ್ಳೆ ಪ್ರಶ್ನೆ ತಮ್ಮಾ. ಇಲ್ಲಿ ವಿದ್ಯೆ ಕಾಲಿನಲ್ಲಿಲ್ಲ, ಕಣ್ಣಿನಲ್ಲಿದೆ. ಚಿತ್ರದ ಮೇಲೆ ವಿಎಚ್ಎಸ್ ಕ್ಯಾಸೆಟ್ಟಿನ ಗೆರೆಗಳು ಓಡುತ್ತವೆ. ನಡುವೆ ಒಂದು ಫೈಟಿನಲ್ಲಿ ಟೇಪೇ ಕೆಟ್ಟಂತೆ ಚಿತ್ರ ಅಲುಗಾಡುತ್ತದೆ. 1980ರ ದಶಕದ ಬಾಡಿಗೆ ಕ್ಯಾಸೆಟ್ಟನ್ನು ಅಷ್ಟು ಪ್ರೀತಿಯಿಂದ ನೋಡಿದವನಿಗೆ ಮಾತ್ರ ಆ ಗೆರೆ ಎಲ್ಲಿ ಬರಬೇಕು ಅಂತ ಗೊತ್ತಿರುತ್ತದೆ.

ದುಡ್ಡೇ ಇಲ್ಲದೆ ಇದನ್ನೇ ಮಾಡಿದವರು ನಮ್ಮ ಮಹಾರಾಷ್ಟ್ರದಲ್ಲೂ ಇದ್ದಾರೆ. ನಾಸಿಕ್ ಜಿಲ್ಲೆಯ ಮಾಲೆಗಾಂವ್, ವಿದ್ಯುತ್ ಮಗ್ಗಗಳ ಊರು. ಅಲ್ಲಿ ಶೇಖ್ ನಾಸಿರ್ ಮತ್ತು ಗೆಳೆಯರು ‘ಮಾಲೆಗಾಂವ್ ಕೆ ಶೋಲೆ’ ಮಾಡಿದರು, ಆಮೇಲೆ ‘ಮಾಲೆಗಾಂವ್ ಕಾ ಸೂಪರ್‌ಮ್ಯಾನ್’. ಸೂಪರ್‌ಮ್ಯಾನ್ ಆದವರು ಮಗ್ಗದ ಕೆಲಸಗಾರ ಶಫೀಕ್, ಸಣಕಲು ಮೈ. ಅವರು ಕ್ಯಾನ್ಸರಿನಿಂದ ತೀರಿಹೋದರು. ಆ ಸಿನಿಮಾ ಮಾಡಿದ ಬಗೆಯನ್ನು ಫೈಜಾ ಅಹ್ಮದ್ ಖಾನ್ ಸಾಕ್ಷ್ಯಚಿತ್ರವಾಗಿ ತೆಗೆದಿದ್ದಾರೆ. ಕುಂಗ್‌ಫೂ ಅಲ್ಲ ನಿಜ. ಆದರೆ ಅಣಕು ಸಿನಿಮಾ ಎಲ್ಲಿಂದ ಹುಟ್ಟುತ್ತದೆ ಅಂತ ನೋಡಬೇಕಿದ್ದರೆ ಅದನ್ನು ತಪ್ಪದೆ ನೋಡಿ.

ಕಾಂದಿವಲಿ ಕುಂದಾಪ್ರ

ಮುಂಬೈನದೇ ಒಂದನ್ನು ಮರೆತಿರಲ್ಲ! ವಾಸನ್ ಬಾಲಾ ಮಾಡಿದ ‘ಮರ್ದ್ ಕೋ ದರ್ದ್ ನಹೀ ಹೋತಾ’. 2018ರಲ್ಲಿ ಟೊರಾಂಟೋ ಚಿತ್ರೋತ್ಸವದ ಮಿಡ್‌ನೈಟ್ ಮ್ಯಾಡ್‌ನೆಸ್ ವಿಭಾಗದಲ್ಲಿ ಪ್ರೇಕ್ಷಕರ ಪ್ರಶಸ್ತಿ ಬಂತು. ಮುಂದಿನ ವರ್ಷ ಇಲ್ಲಿ ಬಿಡುಗಡೆ ಆದಾಗ ಥಿಯೇಟರ್ ಖಾಲಿ. ನನಗೆ ಈಗಲೂ ಬೇಜಾರಿದೆ.

ಹೀರೊಗೆ ಹುಟ್ಟಿನಿಂದ ನೋವೇ ಗೊತ್ತಾಗುವುದಿಲ್ಲ. ಹಳೆಯ ಕುಂಗ್‌ಫೂ ಕ್ಯಾಸೆಟ್ ನೋಡಿ ಬೆಳೆದವನು. ಕರಾಟೆ ಮಣಿ ಅಂತ ಒಂದು ಪಾತ್ರ. ಒಂದೇ ಕಾಲು, ಆದರೂ ನೂರು ಜನರ ಜೊತೆ ಹೊಡೆದಾಡಿ ಗೆದ್ದವನು. ಅವನ ದುಷ್ಟ ಅವಳಿ ಜಿಮ್ಮಿ. ಎರಡೂ ಪಾತ್ರ ನಮ್ಮ ಬೆಂಗಳೂರಿನ ಗುಲ್ಶನ್ ದೇವಯ್ಯ. ಟೀಚರ್, ನೀವು ಹೇಳಿದ ಮ್ಯೂಸಿಕ್ ಮಾಸ್ಟರ್ ಎದುರಿಗೆ ಈ ಮಣಿಯನ್ನು ನಿಲ್ಲಿಸಿ ನೋಡಿ. ಹೆಸರು ಮಣಿ, ಇರುವುದು ಮುಂಬೈ, ಮಾಡುವುದು ಕರಾಟೆ. ತಮಾಷೆಯ ಸಿನಿಮಾ, ತಮಾಷೆಯ ಪಾತ್ರ. ಆದರೆ ಅವನನ್ನು ಯಾರೂ ಕೀಳಾಗಿ ನೋಡುವುದಿಲ್ಲ. ಊರುಗೋಲಿನ ಮೇಲೆ ನಿಂತು ಅವನು ಒದ್ದರೆ ನಾವು ಶಿಳ್ಳೆ ಹೊಡೆಯುತ್ತೇವೆ.

ಥಾಣೆ ಟೀಚರ್

ನಿನ್ನೆ ರಾತ್ರಿ ನೋಡಿದೆ ಅಕ್ಕ. ಮಣಿ ಮನಸ್ಸಿಗೆ ಹಿಡಿಸಿದ. ‘ಅಯ್ಯಯ್ಯೋ’ ಅನ್ನುವ ಪಾತ್ರಗಳನ್ನು ನೋಡಿ ಬೆಳೆದ ನಮ್ಮಂಥವರಿಗೆ ಮಾಟುಂಗಾದ ಹುಡುಗ ವಾಸನ್ ಬಾಲಾನೇ ಇಂಥ ಸಿನಿಮಾ ಮಾಡಬೇಕಾಯಿತು. ‘ಕುಂಗ್ ಪೌ’ ಬಗ್ಗೆ ನನ್ನ ತಕರಾರು ಹಾಗೇ ಇದೆ. ಆದರೆ ಮಾಮ ಹೇಳಿದ ಸ್ಯಾಮೊ ಹುಂಗ್ ಸಿನಿಮಾ ನೋಡಲೇಬೇಕು.

ಮಾಟುಂಗಾ ಮಾಮ

ನೋಡಮ್ಮ. ಹಾಗೇ ‘ಒಂದಾನೊಂದು ಕಾಲದಲ್ಲಿ’ (1978) ಇನ್ನೊಂದು ಸಲ ನೋಡು. ಅದು ಅಣಕು ಅಲ್ಲ, ಪೂರ್ತಿ ಗಂಭೀರ. ಜಪಾನಿನ ಕುರೊಸಾವಾ ಸಿನಿಮಾಗಳನ್ನು ಮನಸ್ಸಿನಲ್ಲಿಟ್ಟುಕೊಂಡು ಗಿರೀಶ ಕಾರ್ನಾಡರು ಮಾಡಿದ್ದು. ಮುಂಬೈ ರಂಗಭೂಮಿಯಲ್ಲಿ ಪಳಗಿದ ಶಂಕರ್‌ನಾಗ್ ಅದರಲ್ಲಿ ಗಂಡುಗಲಿ ಅನ್ನುವ ಪಾತ್ರ. ಕಳ್ಳನಗು, ಕೆದರಿದ ಕೂದಲು, ಬೀಸುವ ಕತ್ತಿ. ಬೇರೆ ದೇಶದ ವೀರನನ್ನು ನಮ್ಮ ಮಣ್ಣಿಗೆ ತರುವಾಗ ಎಷ್ಟು ನಗು ಬೆರೆಸಬೇಕು ಅಂತ ಆ ಹುಡುಗನಿಗೆ ಗೊತ್ತಿತ್ತು. ಇನ್ನಷ್ಟು ವರ್ಷ ಬದುಕಿದ್ದರೆ ಕನ್ನಡದಲ್ಲೇ ಒಂದು ಒಳ್ಳೆಯ ಕುಂಗ್‌ಫೂ ಕಾಮಿಡಿ ಬರುತ್ತಿತ್ತು ಅಂತ ನನ್ನ ನಂಬಿಕೆ.

ವಾಸ್ಕೋ ಕಾರವಾರ

ಮುಂದಿನ ತಿಂಗಳು ನಮ್ಮ ಮನೆಯಲ್ಲಿ ಅಕ್ಕನ ಮಕ್ಕಳೆಲ್ಲ ಸೇರುತ್ತಾರೆ, ಎಂಟರಿಂದ ಹದಿನೈದು ವಯಸ್ಸು. ಯಾವುದರಿಂದ ಶುರು ಮಾಡಲಿ?

ಡೊಂಬಿವಲಿ ಕನ್ನಡಿಗ

ಸಣ್ಣವರು ಇದ್ದರೆ ‘ಕುಂಗ್‌ಫೂ ಹಸಲ್’ ಬೇಡ. ಶುರುವಿನಲ್ಲೇ ಕೊಡಲಿ ಗ್ಯಾಂಗಿನ ಕೊಲೆಗಳಿವೆ, ಹೆದರುತ್ತಾರೆ. ‘ಶಾವೊಲಿನ್ ಸಾಕರ್’ (2001) ಹಾಕಿ. ಅದೂ ಚೌ ಮಾಡಿದ್ದೇ. ಒಂದೇ ಗುರುವಿನ ಶಿಷ್ಯರಾದ, ಬದುಕಿನಲ್ಲಿ ಸೋತು ಕೂತ ‘ಅಣ್ಣತಮ್ಮಂದಿರು’ ಕುಂಗ್‌ಫೂ ಬಳಸಿ ಫುಟ್‌ಬಾಲ್ ಆಡುತ್ತಾರೆ. ಗೋವಾದ ಮಕ್ಕಳಿಗೆ ಫುಟ್‌ಬಾಲ್ ಹುಚ್ಚು ಹೇಗೂ ಇದೆ. ದೊಡ್ಡವರಿಗೆ ಮಾತ್ರ ರಾತ್ರಿ ‘ಹಸಲ್’ ಇಟ್ಟುಕೊಳ್ಳಿ. ಹೀರೊ ಓನರಮ್ಮನ ಮೇಲೆ ಚಾಕು ಎಸೆಯುವ ಸೀನು ಬಂದಾಗ ಅಡುಗೆಮನೆಯಲ್ಲಿ ಇದ್ದವರನ್ನೂ ಕರೆಯಿರಿ. ಎಸೆದ ಚಾಕು ತಿರುಗಿ ಬಂದು ಅವನ ಭುಜಕ್ಕೇ ನಾಟುತ್ತದೆ, ಗೆಳೆಯ ಎಸೆದದ್ದೂ ಅವನಿಗೇ, ಆಮೇಲೆ ಹಾವು ಕಚ್ಚಿ ತುಟಿ ಊದುತ್ತದೆ. ಮಾತೇ ಬೇಕಾಗಿಲ್ಲ ಅದಕ್ಕೆ.

ಒಂದು ಕೇಳಿಕೆ. ಹಿಂದಿ ಡಬ್ಬಿಂಗ್ ಬೇಡ, ಹಾಂಗ್‌ಕಾಂಗಿನವರ ಕ್ಯಾಂಟೊನೀಸ್ ಭಾಷೆಯ ದನಿಯಲ್ಲೇ ಹಾಕಿ, ಕೆಳಗೆ ಸಬ್‌ಟೈಟಲ್ ಇರಲಿ. ಓದಲು ಬಾರದ ಸಣ್ಣವರಿಗೆ ನೀವೇ ಕನ್ನಡದಲ್ಲಿ ಹೇಳುತ್ತಾ ಹೋಗಿ.